ಲ್ಯಾಕೊಲಿತ್: ಕಿಲೋಮೀಟರ್‌ಗಟ್ಟಲೆ ದಪ್ಪದ ಬಂಡೆಯನ್ನು ಶಿಲಾಪಾಕ ಎತ್ತುವುದು ಹೇಗೆ?

ಪದರಗಲ್ಲು:
ಎಲ್ಲರಿಗೂ ನಮಸ್ಕಾರ. ತುಂಬ ದಿನದಿಂದ ತಲೆ ಕೊರೆಯುತ್ತಿರುವ ಪ್ರಶ್ನೆ ಇದು. ಮರಳುಗಲ್ಲು, ಶೇಲ್ (ಜೇಡಿ ಗಟ್ಟಿಯಾಗಿ ಆದ ಮೆತ್ತಗಿನ ಕಲ್ಲು) ಪದರಗಳ ನಡುವೆ ಶಿಲಾಪಾಕ, ಅಂದರೆ ಕರಗಿದ ಬಂಡೆ, ನುಗ್ಗುತ್ತದೆ. ಕೆಳಗಿನ ಪದರ ಹಾಗೇ ಸಮತಟ್ಟಾಗಿ ಉಳಿಯುತ್ತದೆ. ಮೇಲಿನ ಪದರಗಳು ಗುಮ್ಮಟದ ಆಕಾರಕ್ಕೆ ಉಬ್ಬುತ್ತವೆ. ಒಳಗೆ ಗಟ್ಟಿಯಾದ ಅಗ್ನಿಶಿಲೆಯೇ ಲ್ಯಾಕೊಲಿತ್. ಇಷ್ಟು ಪಠ್ಯಪುಸ್ತಕದಲ್ಲಿ ಇದೆ, ಚಿತ್ರವೂ ಇದೆ.

ಆದರೆ ಮೇಲೆ ಒಂದೆರಡು ಕಿಲೋಮೀಟರ್ ದಪ್ಪದ ಬಂಡೆ ಕೂತಿರುತ್ತದೆ. ಅದನ್ನು ಎತ್ತುವಷ್ಟು ಬಲ ಎಲ್ಲಿಂದ ಬಂತು? ಅಷ್ಟು ಬಲ ಇದ್ದರೆ ಯಾವುದಾದರೂ ಬಿರುಕು ಹಿಡಿದು ಮೇಲೆ ಬಂದು ಜ್ವಾಲಾಮುಖಿಯೇ ಆಗಬಹುದಿತ್ತಲ್ಲ? ನಡುದಾರಿಯಲ್ಲಿ ನಿಂತು ಅಕ್ಕಪಕ್ಕಕ್ಕೆ ಹರಡಿದ್ದು ಯಾಕೆ? ಪುಸ್ತಕಗಳು ಇದನ್ನು ಹೇಳದೇ ಮುಂದಿನ ಪುಟಕ್ಕೆ ಹೋಗಿಬಿಡುತ್ತವೆ.

ರಾತ್ರಿಪಾಳಿ:
ಶಿಲಾಪಾಕ ಬಿಸಿ ಇರುತ್ತದೆ, ಹಗುರ ಇರುತ್ತದೆ, ಅದಕ್ಕೆ ಮೇಲೆ ಬರುತ್ತದೆ. ಅಷ್ಟೇ ಅಲ್ವಾ?

ಲೆಕ್ಕಿಗ:
ಹಗುರ ಅನ್ನೋದು ಸರಿ. ಆದರೆ ಎಷ್ಟು ಹಗುರ, ಅದರಿಂದ ಎಷ್ಟು ಒತ್ತಡ ಅಂತ ಲೆಕ್ಕ ಹಾಕಿದರೆ ಮಾತ್ರ ಪದರಗಲ್ಲು ಅವರ ಪ್ರಶ್ನೆಗೆ ಉತ್ತರ ಸಿಗುತ್ತದೆ.

ಆಳದಿಂದ ಮೇಲಿನವರೆಗೆ 10 ಕಿ.ಮೀ. ಎತ್ತರದ ಶಿಲಾಪಾಕದ ಕಂಬ ಒಂದೇ ಸಮ ಜೋಡಿಕೊಂಡಿದೆ ಅಂದುಕೊಳ್ಳಿ. ಸುತ್ತಲಿನ ಬಂಡೆಗಿಂತ ಅದು ಘನಮೀಟರ್‌ಗೆ 200 ಕೆ.ಜಿ. ಹಗುರ ಇರಲಿ. ಆಗ ಕಂಬದ ತುದಿಯಲ್ಲಿ ಸುಮಾರು 20 ಮೆಗಾಪಾಸ್ಕಲ್ ಹೆಚ್ಚುವರಿ ಒತ್ತಡ ಸಿಗುತ್ತದೆ. ಅಂದರೆ ವಾತಾವರಣದ ಒತ್ತಡದ 200 ಪಟ್ಟು. ಇದು ಮೇಲಿನ ಬಂಡೆಯ ತೂಕವನ್ನು ಹೊತ್ತ ಮೇಲೂ ಉಳಿಯುವ ಒತ್ತಡ. ಹಾದಿಯಲ್ಲಿ ಹರಿಯುವಾಗ ಒಂದಿಷ್ಟು ಖರ್ಚಾಗುತ್ತದೆ, ಬಂಡೆ ಸೀಳುವುದಕ್ಕೆ ಒಂದಿಷ್ಟು. ಅದನ್ನೆಲ್ಲ ಕಳೆದು 1 ಮೆಗಾಪಾಸ್ಕಲ್ ಮಾತ್ರ ಉಳಿಯಿತು ಅಂತ ಇಟ್ಟುಕೊಳ್ಳೋಣ.

ಈಗ ವಿಸ್ತೀರ್ಣ ನೋಡಿ. ಶಿಲಾಪಾಕ 1 ಕಿ.ಮೀ. ತ್ರಿಜ್ಯದ ವೃತ್ತವಾಗಿ ಹರಡಿದೆ. ಪ್ರತಿ ಚದರ ಮೀಟರ್‌ಗೆ ಸುಮಾರು 100 ಟನ್ ಎತ್ತುವ ಬಲ. ಒಟ್ಟು ಸುಮಾರು 31 ಕೋಟಿ ಟನ್. ಬಲ ಬರುವುದು ಹರಡಿದ ಜಾಗದಿಂದ. ಅದಕ್ಕೇ ಮೊದಲು ಹರಡುತ್ತದೆ, ಆಮೇಲೆ ಎತ್ತುತ್ತದೆ.

ಪದರಗಲ್ಲು:
ಲೆಕ್ಕಿಗ ಸರ್, ತುಂಬ ಥ್ಯಾಂಕ್ಸ್. ‘ಮೊದಲು ಹರಡುತ್ತದೆ, ಆಮೇಲೆ ಎತ್ತುತ್ತದೆ’ ಅನ್ನೋದು ನನಗೆ ಹೊಸ ವಿಷಯ. ಅಂದರೆ ಪ್ರತಿ ಲ್ಯಾಕೊಲಿತ್ ಶುರುವಾಗುವುದು ಸಿಲ್ ಆಗಿಯೇ?

ಕಲ್ಲುಕುಟಿಗ:
ಹೆಚ್ಚಿನವು ಹೌದು. ತೆಳ್ಳಗಿನ ಹಾಳೆಯಾಗಿ ಪದರಗಳ ನಡುವೆ ಹರಡುತ್ತದೆ, ಅದು ಸಿಲ್. ಮೇಲಿರುವ ಬಂಡೆಯ ದಪ್ಪಕ್ಕೆ ಹೋಲಿಸಿದರೆ ಅಗಲ ಸಾಕಷ್ಟು ದೊಡ್ಡದಾದ ಮೇಲೆ ಚಾವಣಿ, ಅಂದರೆ ಮೇಲಿನ ಪದರಗಳು, ಬಾಗಲು ಶುರುವಾಗುತ್ತದೆ. ಆಮೇಲೆ ಅಕ್ಕಪಕ್ಕ ಹರಡುವುದಕ್ಕಿಂತ ಮೇಲಕ್ಕೆ ಎತ್ತುವುದೇ ಸುಲಭ. ಅಲ್ಲಿಂದ ಅದು ಲ್ಯಾಕೊಲಿತ್.

ನಡುದಾರಿಯಲ್ಲಿ ನಿಂತದ್ದು ಯಾಕೆ ಅನ್ನೋದಕ್ಕೆ ಒಂದೇ ಉತ್ತರ ಇಲ್ಲ. ಮೆತ್ತಗಿನ ಶೇಲ್ ಪದರ ಸಿಕ್ಕರೆ ಅದರ ಉದ್ದಕ್ಕೂ ಸೀಳುವುದು ಸುಲಭ. ಗಟ್ಟಿ ಮರಳುಗಲ್ಲು ಅಡ್ಡ ಬಂದರೆ ನೆಟ್ಟಗೆ ಏರುತ್ತಿದ್ದ ಡೈಕ್ (ಬಿರುಕು ತುಂಬಿದ ಶಿಲಾಪಾಕದ ಹಾಳೆ) ಅದರ ಕೆಳಗೆ ಅಡ್ಡಕ್ಕೆ ತಿರುಗುತ್ತದೆ. ಮೇಲಿನ ಬಂಡೆ ಶಿಲಾಪಾಕಕ್ಕಿಂತ ಹಗುರವಾದರೆ ಏರುವ ಒತ್ತಾಯವೇ ಕಡಿಮೆಯಾಗುತ್ತದೆ ಅನ್ನೋ ವಾದವೂ ಇದೆ.

ನೆಲದಮಾತು:
ಆ ಕೊನೆಯ ವಾದ ಗಿಲ್ಬರ್ಟ್ ಅವರದ್ದು. ಅವರ ಬಗ್ಗೆ ಹೇಳದೆ ಈ ಚರ್ಚೆ ಪೂರ್ತಿಯಾಗಲ್ಲ.

ಗ್ರೋವ್ ಕಾರ್ಲ್ ಗಿಲ್ಬರ್ಟ್ 1875 ಮತ್ತು 1876ರಲ್ಲಿ ಅಮೆರಿಕದ ಯೂಟಾದಲ್ಲಿರುವ ಹೆನ್ರಿ ಬೆಟ್ಟಗಳಲ್ಲಿ ಕೆಲಸ ಮಾಡಿದರು. ಎಲೆನ್, ಪೆನೆಲ್, ಹಿಲ್ಲರ್ಸ್, ಹೋಮ್ಸ್, ಎಲ್ಸ್‌ವರ್ತ್ ಅಂತ ಐದು ಬೆಟ್ಟ. ಸುತ್ತ ಮರಳುಗಾಡು. ಗಿಡಮರ ಕಡಿಮೆ, ಹಾಗಾಗಿ ಬಂಡೆ ಪೂರ್ತಿ ಬೆತ್ತಲೆ. ಒಂದೇ ಬೆಟ್ಟಸಾಲಿನಲ್ಲಿ ಒಂದು ಕಡೆ ಚಾವಣಿ ಇನ್ನೂ ಮುಚ್ಚಿಕೊಂಡಿದೆ, ಇನ್ನೊಂದು ಕಡೆ ಅರ್ಧ ಸವೆದಿದೆ, ಮತ್ತೊಂದು ಕಡೆ ಒಳಗಿನ ಅಗ್ನಿಶಿಲೆಯೇ ಹೊರಗೆ ನಿಂತಿದೆ. ಬೇರೆ ಬೇರೆ ಹಂತದಲ್ಲಿ ಸವೆದ ಗುಮ್ಮಟಗಳನ್ನು ಅಕ್ಕಪಕ್ಕ ಇಟ್ಟು ನೋಡಿ ಅವರು ಇಡೀ ರಚನೆಯನ್ನು ಕಟ್ಟಿದರು. 1877ರ ವರದಿಯಲ್ಲಿ ಹೆಸರು ಕೊಟ್ಟವರೂ ಅವರೇ.

ನನಗೆ ಅವರ ಮೇಲೆ ಗೌರವ ಬರುವುದು ಹೆಸರಿಟ್ಟಿದ್ದಕ್ಕಲ್ಲ. ಶಿಲಾಪಾಕ ಎಷ್ಟು ಒತ್ತಿದರೆ ಎಷ್ಟು ದಪ್ಪದ ಚಾವಣಿ ಎದ್ದೀತು ಅಂತ ಅವರು ಬಲದ ಲೆಕ್ಕ ಹಾಕಿದರು. ಬಂಡೆಯನ್ನು ವರ್ಣಿಸಿ ಸುಮ್ಮನಾಗುವವರೇ ಜಾಸ್ತಿ ಇದ್ದ ಕಾಲ ಅದು.

ಎಂಟನೇಕ್ಲಾಸ್_ಮೇಷ್ಟ್ರು:
ಒಳ್ಳೆ ಚರ್ಚೆ. ನಾನು ಮಕ್ಕಳಿಗೆ ಇದನ್ನು ಕಲಿಸಬೇಕು. ಚಿತ್ರದಲ್ಲಿ ಬ್ಯಾಥೊಲಿತ್ (ಆಳದಲ್ಲಿ ಗಟ್ಟಿಯಾದ ಭಾರಿ ಅಗ್ನಿಶಿಲೆ ರಾಶಿ), ಲ್ಯಾಕೊಲಿತ್, ಸಿಲ್, ಡೈಕ್ ಎಲ್ಲ ಒಂದೇ ಕಡೆ ಬರೆದಿರುತ್ತಾರೆ. ಅಳತೆಯೇ ಇರಲ್ಲ. ಹಾಗಾಗಿ ಮಕ್ಕಳು ದುಂಡಗಿನ ಬಂಡೆಗುಡ್ಡ ಕಂಡರೆ ಸಾಕು, ಲ್ಯಾಕೊಲಿತ್ ಅಂತಾರೆ. ಯೋಸೆಮಿಟಿಯ ಹಾಫ್ ಡೋಮ್, ರಿಯೋದ ಶುಗರ್‌ಲೋಫ್ ಫೋಟೋ ತೋರಿಸಿ ‘ಇದು ಅದೇ ಅಲ್ವಾ ಸರ್’ ಅಂತ ಕೇಳ್ತಾರೆ. ಹೌದಾ, ಅಲ್ವಾ?

ಕಲ್ಲುಕುಟಿಗ:
ಎರಡೂ ಅಲ್ಲ.

ಬೆಟ್ಟದಹುಳು:
ಮೇಷ್ಟ್ರೇ, ಹಾಫ್ ಡೋಮ್ ದೊಡ್ಡ ಗ್ರಾನೈಟ್ ರಾಶಿಯ ಒಂದು ತುಣುಕು. ಭೂಮಿಯ ಆಳದಲ್ಲಿ ಗಟ್ಟಿಯಾಗಿದ್ದು, ಮೇಲಿನ ಭಾರ ಸವೆದು ಹೋದ ಮೇಲೆ ಹೊರಮೈ ಚಕ್ಕೆ ಚಕ್ಕೆಯಾಗಿ ಕಳಚಿ ದುಂಡಗಾಯಿತು. ಶುಗರ್‌ಲೋಫ್ ಕೂಡ ಸವೆತದಿಂದಲೇ ಆ ರೂಪ ಪಡೆದದ್ದು. ಇವುಗಳ ದುಂಡು ಆಕಾರ ಬಂದಿದ್ದು ಗಟ್ಟಿಯಾದ ಎಷ್ಟೋ ಕಾಲದ ಮೇಲೆ, ಹೊರಗಿನಿಂದ. ಲ್ಯಾಕೊಲಿತ್‌ನ ಗುಮ್ಮಟ ಬಂದಿದ್ದು ಒಳಗಿನಿಂದ, ಶಿಲಾಪಾಕ ಇನ್ನೂ ದ್ರವವಾಗಿದ್ದಾಗ.

ಮಕ್ಕಳಿಗೆ ಒಂದೇ ಮಾತು ಹೇಳಿ: ಗುಡ್ಡದ ಆಕಾರ ನೋಡಬೇಡಿ, ಸುತ್ತಲಿನ ಪದರಗಳು ಯಾವ ಕಡೆ ವಾಲಿವೆ ನೋಡಿ. ಪದರಗಳು ಎಲ್ಲ ದಿಕ್ಕಿನಲ್ಲೂ ಗುಡ್ಡದಿಂದ ಹೊರಕ್ಕೆ ವಾಲಿದ್ದರೆ ಆಗ ಮುಂದೆ ಯೋಚಿಸಬಹುದು. ಪದರವೇ ಇಲ್ಲದ ಕಡೆ ಲ್ಯಾಕೊಲಿತ್ ಅನ್ನೋ ಮಾತಿಗೆ ಆಧಾರ ಸಿಗುವುದು ತುಂಬ ಕಷ್ಟ.

ಎಂಟನೇಕ್ಲಾಸ್_ಮೇಷ್ಟ್ರು:
ಇದು ಸರಿಯಾಗಿ ಹೇಳಿದಿರಿ. ಬೋರ್ಡ್ ಮೇಲೆ ಬರೆಯುತ್ತೇನೆ.

ರಾತ್ರಿಪಾಳಿ:
ಸಿಲ್ ಆಗುತ್ತದೋ ಲ್ಯಾಕೊಲಿತ್ ಆಗುತ್ತದೋ ಅನ್ನೋದು ಶಿಲಾಪಾಕ ಎಷ್ಟು ಮಂದ ಇದೆ ಅನ್ನೋದರ ಮೇಲೆ ತಾನೇ? ಸಿಲಿಕಾ ಜಾಸ್ತಿ ಇದ್ದರೆ ಮಂದ, ದೂರ ಹರಿಯಲ್ಲ, ಅಲ್ಲೇ ಗುಡ್ಡೆಯಾಗುತ್ತದೆ. ಬಸಾಲ್ಟ್ ತೆಳು, ದೂರ ಹರಿದು ಸಿಲ್ ಆಗುತ್ತದೆ. ಇಷ್ಟು ಸರಳವಾದದ್ದನ್ನು ಯಾಕೆ ಗೋಜಲು ಮಾಡ್ತೀರಿ?

ಕಲ್ಲುಕುಟಿಗ:
ಸರಳ ಇದೆ, ಪೂರ್ತಿ ನಿಜ ಅಲ್ಲ. ಮೊಂಟಾನಾದ ಶಾಂಕಿನ್ ಸ್ಯಾಗ್ ಹೆಸರಾಂತ ಲ್ಯಾಕೊಲಿತ್. ಅದರ ಶಿಲೆ ಕಪ್ಪು, ಸಿಲಿಕಾ ಕಡಿಮೆ. ಕ್ರೈಮಿಯಾದ ಆಯು-ದಾಗ್ ಕೂಡ ಗ್ಯಾಬ್ರೊ ಜಾತಿಯ ಕಪ್ಪು ಶಿಲೆಯದ್ದೇ. ಮಂದ ಇದ್ದರೆ ಗುಮ್ಮಟ ಆಗುವ ಸಾಧ್ಯತೆ ಜಾಸ್ತಿ ಅನ್ನಿ, ಒಪ್ಪುತ್ತೇನೆ. ಅದೇ ನಿಯಮ ಅನ್ನಬೇಡಿ.

ರಾತ್ರಿಪಾಳಿ:
ಎರಡು ಅಪವಾದ ಹೇಳಿದರೆ ನಿಯಮ ಬಿದ್ದು ಹೋಗುತ್ತಾ? ಹೆನ್ರಿ ಬೆಟ್ಟ ಡಯೋರೈಟ್ ಪೋರ್ಫಿರಿ. ಚಿಲಿಯ ಟೊರೆಸ್ ದೆಲ್ ಪೈನೆ ಗ್ರಾನೈಟ್. ಸ್ಕಾಟ್ಲೆಂಡಿನ ಟ್ರಾಪ್ರೇನ್ ಲಾ ಬೆಟ್ಟ ಫೋನೊಲೈಟ್. ಹೆಚ್ಚಿನವೆಲ್ಲ ಬಿಳಿಚು ಶಿಲೆಗಳೇ.

ಲೆಕ್ಕಿಗ:
ಇಬ್ಬರೂ ಚಾವಣಿಯನ್ನು ಮರೆಯುತ್ತಿದ್ದೀರಿ. ಬಾಗುವುದು ಚಾವಣಿ. ಅದರ ಗುಣವೇ ಇಲ್ಲಿ ಮುಖ್ಯ.

ದುಂಡಗಿನ ತಟ್ಟೆಯ ಅಂಚು ಹಿಡಿದು ಕೆಳಗಿನಿಂದ ಒಂದೇ ಸಮ ಒತ್ತಿದರೆ ನಡುಭಾಗ ಎಷ್ಟು ಏಳುತ್ತದೆ? ತ್ರಿಜ್ಯದ ನಾಲ್ಕನೇ ಘಾತಕ್ಕೆ ತಕ್ಕಂತೆ ಏರುತ್ತದೆ, ದಪ್ಪದ ಮೂರನೇ ಘಾತಕ್ಕೆ ತಕ್ಕಂತೆ ಇಳಿಯುತ್ತದೆ. ತ್ರಿಜ್ಯ ಎರಡು ಪಟ್ಟಾದರೆ ಉಬ್ಬು 16 ಪಟ್ಟು. ದಪ್ಪ ಎರಡು ಪಟ್ಟಾದರೆ ಉಬ್ಬು ಎಂಟನೇ ಒಂದು ಪಾಲು. ಆಳದಲ್ಲಿ ಲ್ಯಾಕೊಲಿತ್ ಆಗಬೇಕಾದರೆ ಜಾಸ್ತಿ ಅಗಲ ಹರಡಲೇಬೇಕು. ಆಳ ಹೆಚ್ಚಿದಷ್ಟೂ ಲ್ಯಾಕೊಲಿತ್ ದೊಡ್ಡದು ಅಂತ ಗಿಲ್ಬರ್ಟ್ ಹೆನ್ರಿ ಬೆಟ್ಟದಲ್ಲೇ ಗಮನಿಸಿದ್ದರು.

ಇನ್ನೊಂದು ವಿಷಯ, ಪದರ ಶಿಲೆ ಯಾಕೆ ಬೇಕು ಅನ್ನೋದಕ್ಕೆ. ದಪ್ಪ ನೋಟ್‌ಬುಕ್ ಕೈಯಲ್ಲಿ ಹಿಡಿದು ಬಗ್ಗಿಸಿ, ಹಾಳೆಗಳು ಒಂದರ ಮೇಲೊಂದು ಜಾರುತ್ತವೆ, ಸುಲಭವಾಗಿ ಬಾಗುತ್ತದೆ. ಅದೇ ಹಾಳೆಗಳನ್ನೆಲ್ಲ ಗೋಂದು ಹಾಕಿ ಅಂಟಿಸಿದರೆ ಹಲಗೆಯಾಗುತ್ತದೆ. ಬಂಡೆ ಪದರಕ್ಕೂ ಅದೇ ಲೆಕ್ಕ. ಒಂದೇ ದಪ್ಪದ 10 ಪದರ ಸಲೀಸಾಗಿ ಜಾರುವಂತಿದ್ದರೆ, ಅಷ್ಟೇ ದಪ್ಪದ ಒಂದೇ ಬಂಡೆಗಿಂತ 100 ಪಟ್ಟು ಸುಲಭವಾಗಿ ಬಾಗುತ್ತದೆ. ಶೇಲ್ ನಡುನಡುವೆ ಇರುವ ಕಡೆ ಗುಮ್ಮಟ ಏಳುವುದು ಇದಕ್ಕೇ. ನಿಜದ ಬಂಡೆಯಲ್ಲಿ ಉಜ್ಜಾಟ ಇರುತ್ತದೆ, ಅಷ್ಟು ಸಲೀಸಾಗಿ ಜಾರಲ್ಲ. ಆದರೂ ದಿಕ್ಕು ಇದೇ.

ಪದರಗಲ್ಲು:
ಅದ್ಭುತ. ‘ಪದರಗಳ ನಡುವೆ’ ಅನ್ನೋದನ್ನು ಇಷ್ಟು ದಿನ ಬರೀ ಜಾಗದ ವಿವರ ಅಂತ ಓದುತ್ತಿದ್ದೆವು. ಪದರ ಇರುವುದರಿಂದಲೇ ಅದು ಸಾಧ್ಯ ಅಂತ ಯಾವ ಮೇಷ್ಟ್ರೂ ಹೇಳಿರಲಿಲ್ಲ.

ರಾತ್ರಿಪಾಳಿ:
ಚಾವಣಿ ಒಪ್ಪಿದೆ. ಆದರೆ ಬಸಾಲ್ಟ್ ಕೂಡ ಅದೇ ಚಾವಣಿ ಕೆಳಗೆ ಹೋಗುತ್ತದೆ, ಆದರೂ ಹೆಚ್ಚಾಗಿ ಸಿಲ್ ಆಗಿಯೇ ಉಳಿಯುತ್ತದೆ. ಅಲ್ಲಿ ಶಿಲಾಪಾಕದ ಮಂದತೆಗೆ ಪಾಲಿದೆ. ನನ್ನ ಮಾತು ಅಷ್ಟೇ.

ಹೊಸಬ್ರು:
ಇದು ಎಷ್ಟು ದಿನದಲ್ಲಿ ಆಗುತ್ತದೆ? ಲಕ್ಷಾಂತರ ವರ್ಷವಾ?

ನೆಲದಮಾತು:
ಇಲ್ಲೇ ಮಜಾ ಇರೋದು. ಎಷ್ಟೋ ಜನ ಲಕ್ಷಾಂತರ ವರ್ಷ ಅಂದುಕೊಳ್ಳುತ್ತಾರೆ. ಆದರೆ ನಿಧಾನ ಮಾಡಿದರೆ ಶಿಲಾಪಾಕ ಹೆಪ್ಪುಗಟ್ಟಿ ಬಿಡುತ್ತದೆ. 10 ಮೀಟರ್ ದಪ್ಪದ ಹಾಳೆ ಅಂದಾಜು ಒಂದು ವರ್ಷದಲ್ಲಿ ಆರುತ್ತದೆ. 100 ಮೀಟರ್‌ನದ್ದು ಹತ್ತಿರ ಹತ್ತಿರ 100 ವರ್ಷ. ದಪ್ಪ 10 ಪಟ್ಟಾದರೆ ಸಮಯ 100 ಪಟ್ಟು. ಹಾಗಾಗಿ ಒಂದೇ ಕಂತಿನಲ್ಲಿ ಚಾವಣಿ ಎತ್ತಬೇಕಾದರೆ ಬೇಗ ಬೇಗ ಬರಬೇಕು.

ಹೆನ್ರಿ ಬೆಟ್ಟಗಳ ಬ್ಲ್ಯಾಕ್ ಮೇಸಾ ಅನ್ನೋ ಅಗ್ನಿಶಿಲೆ 100 ವರ್ಷಕ್ಕಿಂತ ಕಡಿಮೆ ಸಮಯದಲ್ಲಿ ತುಂಬಿತು ಅಂತ ಶಾಖದ ಲೆಕ್ಕ ಹೇಳುತ್ತದೆ. ಚಿಲಿಯ ಟೊರೆಸ್ ದೆಲ್ ಪೈನೆ ಇದಕ್ಕೆ ವಿರುದ್ಧ ದಿಕ್ಕಿನ ಉದಾಹರಣೆ. ಅಲ್ಲಿನ ಗ್ರಾನೈಟ್ ಸುಮಾರು 1.25 ಕೋಟಿ ವರ್ಷ ಹಿಂದಿನದು. ಜಿರ್ಕಾನ್ ಹರಳುಗಳಿಂದ ವಯಸ್ಸು ಅಳೆದಾಗ ಅದು ಕಂತು ಕಂತಾಗಿ ಸುಮಾರು 90,000 ವರ್ಷ ಹಿಡಿದು ಬೆಳೆದದ್ದು ಅಂತ 2008ರಲ್ಲಿ ಗೊತ್ತಾಯಿತು. ಹಳೆಯ ಹಾಳೆ ಮೇಲೆ, ಹೊಸದು ಅದರ ಕೆಳಗೆ. ಪ್ರತಿ ಕಂತೂ ಹಿಂದಿನದನ್ನು ಎತ್ತಿಕೊಂಡು ಒಳಗೆ ಸೇರಿದೆ.

ಬೆಟ್ಟದಹುಳು:
ಆ ಬೆಟ್ಟದ ಫೋಟೋ ನೋಡಿಲ್ಲದವರು ಈಗಲೇ ನೋಡಿ. ಬಿಳಿ ಗ್ರಾನೈಟ್ ಕೊಂಬುಗಳ ಮೇಲೆ ಕಪ್ಪು ಟೋಪಿ ಕಾಣುತ್ತದೆ. ಆ ಕಪ್ಪು ಭಾಗವೇ ಹಳೆಯ ಚಾವಣಿ, ಸಮುದ್ರದ ತಳದಲ್ಲಿ ಶೇಖರವಾದ ಪದರ ಶಿಲೆ. ಬಿಳಿ ಎಲ್ಲಿ ಮುಗಿಯುತ್ತದೆ, ಕಪ್ಪು ಎಲ್ಲಿ ಶುರುವಾಗುತ್ತದೆ ಅನ್ನೋ ಗೆರೆ ದೂರದಿಂದಲೇ ಸ್ಪಷ್ಟ. ಲ್ಯಾಕೊಲಿತ್ ಕಲಿಸುವುದಕ್ಕೆ ಇದಕ್ಕಿಂತ ಒಳ್ಳೆ ಫೋಟೋ ಇಲ್ಲ ಅಂತ ನನ್ನ ಅಭಿಪ್ರಾಯ.

ಚಂದ್ರನೆಲ:
ನಮ್ಮ ಕಾಲದಲ್ಲೇ ಒಂದು ಆಗಿದೆಯಲ್ಲ. ಚಿಲಿಯ ಕೊರ್ಡೋನ್ ಕಾಯೆ ಜ್ವಾಲಾಮುಖಿ 2011ರಲ್ಲಿ ಸಿಡಿದಾಗ ನೆಲ 200 ಮೀಟರ್‌ಗಿಂತ ಜಾಸ್ತಿ ಮೇಲೆದ್ದಿತು. ಸುಮಾರು ಒಂದು ತಿಂಗಳಲ್ಲಿ! ಒಳಗೆ ಸುಮಾರು 0.8 ಘನ ಕಿಲೋಮೀಟರ್ ಶಿಲಾಪಾಕ, ತೀರಾ ಕಡಿಮೆ ಆಳದಲ್ಲಿ. ಅದನ್ನು ಲ್ಯಾಕೊಲಿತ್ ಅಂತಲೇ 2016ರಲ್ಲಿ ವಿವರಿಸಿದ್ದಾರೆ.

ಕಲ್ಲುಕುಟಿಗ:
ಒಳ್ಳೆ ಉದಾಹರಣೆ. ಒಂದು ಎಚ್ಚರಿಕೆ ಮಾತ್ರ. ಅಲ್ಲಿ ಮೇಲಿದ್ದದ್ದು ಜ್ವಾಲಾಮುಖಿಯದ್ದೇ ಬೂದಿ, ಲಾವಾ. ಮರಳುಗಲ್ಲು, ಶೇಲ್ ಅಲ್ಲ. ಆಳವೂ ನೂರಾರು ಮೀಟರ್ ಒಳಗೆ. ಹೆನ್ರಿ ಬೆಟ್ಟದ ಕಿಲೋಮೀಟರ್ ಲೆಕ್ಕಕ್ಕೆ ಇದನ್ನು ನೇರ ಹಚ್ಚಬಾರದು.

ಹೊಸಬ್ರು:
ಜಪಾನಿನಲ್ಲಿ ಹೊಲದಲ್ಲಿ ಬೆಟ್ಟ ಎದ್ದಿತ್ತು ಅಂತ ಎಲ್ಲೋ ಓದಿದ ನೆನಪು. ಅದೂ ಇದೇನಾ?

ನೆಲದಮಾತು:
ಶೋವಾ-ಶಿನ್‌ಜಾನ್. ಸಂಬಂಧಿಕ ಅನ್ನಬಹುದು. 1943ರ ಡಿಸೆಂಬರ್‌ನಲ್ಲಿ ಭೂಕಂಪಗಳು ಶುರುವಾದವು. ಗೋಧಿ ಹೊಲ ಉಬ್ಬಿತು. ಆಮೇಲೆ ಮಂದ ಲಾವಾ ಹೊರಕ್ಕೂ ತಲೆ ಹಾಕಿತು. 1945ರ ಸೆಪ್ಟೆಂಬರ್ ಹೊತ್ತಿಗೆ ನಿಂತಿತು. ಈಗ ಅದರ ತುದಿ ಸಮುದ್ರ ಮಟ್ಟದಿಂದ 398 ಮೀಟರ್.

ಯುದ್ಧದ ಕಾಲ. ಸುದ್ದಿ ಹೊರಗೆ ಬಿಡಲಿಲ್ಲ. ಅಲ್ಲಿನ ಪೋಸ್ಟ್ ಮಾಸ್ಟರ್ ಮಿಮಾತ್ಸು ಮಸಾವೊ ಅಂಚೆ ಕಚೇರಿ ಹಿಂದೆ ಅಡ್ಡ ದಾರ ಕಟ್ಟಿ, ಬೆಟ್ಟದ ಅಂಚು ದಾರಕ್ಕೆ ಹೋಲಿಸಿ ಎಷ್ಟು ಏರಿದೆ ಅಂತ ಗೆರೆ ಎಳೆಯುತ್ತಾ ಹೋದರು. ಒಂದು ಗುಡ್ಡ ಹುಟ್ಟುವುದನ್ನು ಅಷ್ಟು ಚೆನ್ನಾಗಿ ದಾಖಲಿಸಿದ್ದು ಅಪರೂಪ. ಉಪಕರಣ ಇಲ್ಲ ಅಂತ ಕೈಕಟ್ಟಿ ಕೂರುವವರು ಈ ಮನುಷ್ಯನ ಕೆಲಸ ನೋಡಬೇಕು.

ಚಂದ್ರನೆಲ:
ಅಮೆರಿಕದ ಸೇಂಟ್ ಹೆಲೆನ್ಸ್ ಜ್ವಾಲಾಮುಖಿ ಕೂಡ. 1980ರಲ್ಲಿ ಉತ್ತರ ಪಕ್ಕ ದಿನಕ್ಕೆ ಸುಮಾರು ಒಂದೂವರೆ, ಎರಡು ಮೀಟರ್ ಉಬ್ಬುತ್ತಿತ್ತು. ಮೇ 18ಕ್ಕೆ ಆ ಪಕ್ಕವೇ ಕುಸಿಯಿತು. ಒಳಗಿನ ಗುಮ್ಮಟ ಎಲ್ಲ ಸಲ ಶಾಂತವಾಗಿ ಆರುತ್ತದೆ ಅಂದುಕೊಳ್ಳಬಾರದು.

ಇನ್ನೊಂದು ವಿಷಯ. ಚಂದ್ರನ ಮೇಲೆ ಕೆಲವು ಕುಳಿಗಳ ತಳ ಮೇಲೆದ್ದು ಬಿರುಕು ಬಿಟ್ಟಿದೆ. ಕುಳಿಯ ಕೆಳಗೆ ಶಿಲಾಪಾಕ ಸಿಲ್ ಅಥವಾ ಲ್ಯಾಕೊಲಿತ್ ಆಗಿ ಹರಡಿ ತಳವನ್ನು ಎತ್ತಿದೆ ಅನ್ನೋದು ಈಗ ಹೆಚ್ಚು ಜನ ಒಪ್ಪುವ ವಿವರಣೆ.

ರಾತ್ರಿಪಾಳಿ:
ಚಂದ್ರನಿಗೆ ಹೋದಿರಾ! ಅಮೆರಿಕದ ವಯೋಮಿಂಗ್‌ನಲ್ಲಿರುವ ಕಂಬದಂಥ ಬಂಡೆ ಡೆವಿಲ್ಸ್ ಟವರ್ ಬಗ್ಗೆ ಯಾರೂ ಮಾತಾಡಲೇ ಇಲ್ಲ. ಅದು ಲ್ಯಾಕೊಲಿತ್‌ನ ಉಳಿದ ಭಾಗ.

ಕಲ್ಲುಕುಟಿಗ:
ಅದು ಇತ್ಯರ್ಥ ಆಗಿಲ್ಲ. ಲ್ಯಾಕೊಲಿತ್‌ನ ತಿರುಳು ಅಂತ ಒಬ್ಬರು, ಜ್ವಾಲಾಮುಖಿಯ ಕೊಳವೆ ಅಂತ ಇನ್ನೊಬ್ಬರು. 2015ರಲ್ಲಿ ಮೂರನೇ ವಾದ ಬಂತು, ಸ್ಫೋಟದಿಂದ ಆದ ಕುಳಿಯೊಳಗೆ ತುಂಬಿದ ಲಾವಾ ಅಂತ. ಅಲ್ಲಿ ಚಾವಣಿಯೂ ಇಲ್ಲ, ತಳವೂ ಕಾಣಲ್ಲ. ಸುತ್ತಲಿನ ಪದರ ಬಾಗಿರುವ ಸಾಕ್ಷಿ ಕಮ್ಮಿ. ಸಾಕ್ಷಿಯೇ ಸವೆದು ಹೋದ ಜಾಗ ಅದು. ಗಟ್ಟಿಯಾಗಿ ಹೇಳುವುದು ನನಗೆ ಇಷ್ಟ ಇಲ್ಲ.

ರಾತ್ರಿಪಾಳಿ:
ಹಾಗೆ ನೋಡಿದರೆ ಹೆನ್ರಿ ಬೆಟ್ಟದ ಬಗ್ಗೆಯೂ ಜಗಳ ಇದೆ. ಅದನ್ನು ಯಾಕೆ ಹೇಳಲ್ಲ?

ಬೆಟ್ಟದಹುಳು:
ಹೇಳೋಣ. 1953ರಲ್ಲಿ ಚಾರ್ಲ್ಸ್ ಹಂಟ್ ಮತ್ತು ಜೊತೆಗಾರರು ಗಿಲ್ಬರ್ಟ್ ವಾದವನ್ನು ಪ್ರಶ್ನಿಸಿದರು. ಪ್ರತಿ ಬೆಟ್ಟದ ನಡುವೆ ಇರುವುದು ನೆಟ್ಟಗಿನ ಕಂಬದಂಥ ಸ್ಟಾಕ್, ಲ್ಯಾಕೊಲಿತ್‌ಗಳು ಅದರ ಪಕ್ಕದಿಂದ ಹೊರಟ ನಾಲಗೆಗಳು ಮಾತ್ರ ಅಂದರು. ಬಹಳ ವರ್ಷ ಅದೇ ನಡೆಯಿತು. 1988ರಲ್ಲಿ ಜಾಕ್ಸನ್ ಮತ್ತು ಪೊಲಾರ್ಡ್ ದಕ್ಷಿಣದ ಮೂರು ಬೆಟ್ಟ ಅಳೆದು, ನಡುವೆ ದೊಡ್ಡ ಲ್ಯಾಕೊಲಿತ್ ಇರುವುದೇ ಹೆಚ್ಚು ಹೊಂದುತ್ತದೆ ಅಂದರು. ಪದರಗಳು ಹೇಗೆ ಬಾಗಿವೆ ಅನ್ನೋದೇ ಅವರ ಮುಖ್ಯ ಸಾಕ್ಷಿ. ಕಂಬ ನೆಟ್ಟಗೆ ನುಗ್ಗಿದ್ದರೆ ಅಷ್ಟು ಅಗಲದ, ಅಷ್ಟು ನಯವಾದ ಬಾಗು ಬರಲ್ಲ.

ಎಂಟನೇಕ್ಲಾಸ್_ಮೇಷ್ಟ್ರು:
ಒಂದು ಸಂದೇಹ. ಪದರಗಳು ಗುಮ್ಮಟವಾಗಿವೆ ಅಂತ ಕಂಡರೆ, ಮೊದಲೇ ಒಂದು ಅಗ್ನಿಶಿಲೆಯ ಗುಡ್ಡ ಇತ್ತು, ಆಮೇಲೆ ಅದರ ಮೇಲೆ ಮಣ್ಣು, ಮರಳು ಕೂತು ಪದರ ಆಯಿತು ಅಂತ ಯಾಕೆ ಹೇಳಬಾರದು?

ಕಲ್ಲುಕುಟಿಗ:
ಒಳ್ಳೆ ಪ್ರಶ್ನೆ ಮೇಷ್ಟ್ರೇ. ಗುಡ್ಡದ ಮೇಲೆ ಆಮೇಲೆ ಕೂತದ್ದಾದರೆ ಪದರ ನೆತ್ತಿಯಲ್ಲಿ ತೆಳು, ಪಕ್ಕದಲ್ಲಿ ದಪ್ಪ ಇರಬೇಕು. ತಳದ ಪದರದಲ್ಲಿ ಆ ಗುಡ್ಡದ್ದೇ ಉರುಟುಗಲ್ಲು ಸಿಗಬೇಕು. ಲ್ಯಾಕೊಲಿತ್ ಮೇಲೆ ಹಾಗಿರಲ್ಲ. ಪದರದ ದಪ್ಪ ಗುಮ್ಮಟದ ಮೇಲೂ ದೂರದ ಬಯಲಲ್ಲೂ ಹತ್ತಿರ ಹತ್ತಿರ ಒಂದೇ, ಯಾಕಂದರೆ ಅದು ಸಮತಟ್ಟಾಗಿಯೇ ಕೂತು ಆಮೇಲೆ ಎದ್ದದ್ದು.

ಸುಟ್ಟ ಗುರುತು ಇನ್ನೂ ಬಲವಾದ ಸಾಕ್ಷಿ. ಲಾವಾ ನೆಲದ ಮೇಲೆ ಹರಿದಿದ್ದರೆ ಕೆಳಗಿನ ಬಂಡೆ ಮಾತ್ರ ಸುಟ್ಟಿರುತ್ತದೆ. ಒಳಗೆ ನುಗ್ಗಿದ್ದರೆ ಮೇಲಿನದ್ದೂ ಸುಟ್ಟಿರುತ್ತದೆ. ಅಗ್ನಿಶಿಲೆಯ ಎರಡೂ ಅಂಚಿನಲ್ಲಿ ಬೇಗ ಆರಿದ ಸಣ್ಣ ಕಣದ ಪಟ್ಟಿ ಇರುತ್ತದೆ. ಚಾವಣಿಯ ತುಣುಕು ಒಳಗೆ ಬಿದ್ದು ಸಿಕ್ಕಿಕೊಂಡಿದ್ದರೆ ಇನ್ನೇನೂ ಬೇಡ.

ಪದರಗಲ್ಲು:
ಭೂವಿಜ್ಞಾನದ ನಕ್ಷೆಯಲ್ಲಿ ಇದನ್ನು ಗುರುತಿಸುವುದು ಹೇಗೆ? ನಡುವೆ ಅಗ್ನಿಶಿಲೆ ಬಣ್ಣ, ಸುತ್ತ ಉಂಗುರ ಅಂತ ನೋಡಿದರೆ ಸಾಕಾ?

ಬೆಟ್ಟದಹುಳು:
ಉಂಗುರ ಕಂಡರೆ ಒಳ್ಳೆ ಶುರು, ಅಷ್ಟೇ. ಒಳಗಿನ ಉಂಗುರ ಹಳೆಯದು, ಹೊರಗಿನದು ಹೊಸದು ಇರಬೇಕು. ವಾಲುವ ದಿಕ್ಕಿನ ಗುರುತುಗಳು ಎಲ್ಲ ಕಡೆ ಹೊರಕ್ಕೆ ತೋರಿಸಬೇಕು. ಉಪ್ಪಿನ ಗುಮ್ಮಟಕ್ಕೂ ಇದೇ ಚಿತ್ರ ಬರುತ್ತದೆ, ಉಲ್ಕೆ ಬಿದ್ದ ಜಾಗಕ್ಕೂ ಬರುತ್ತದೆ. ಯೂಟಾದಲ್ಲೇ ಇರುವ ಅಪ್‌ಹೀವಲ್ ಡೋಮ್ ಉಪ್ಪಿನದ್ದು ಅಂತ ಎಷ್ಟೋ ಜನ ಬರೆದಿದ್ದರು. 2008ರಲ್ಲಿ ಆಘಾತದಿಂದ ಗೀರು ಬಿದ್ದ ಕ್ವಾರ್ಟ್ಜ್ ಹರಳು ಸಿಕ್ಕಿ ಉಲ್ಕೆಯ ವಾದ ಗೆದ್ದಿತು.

ಅಗ್ನಿಶಿಲೆ ಹೊರಗೆ ಬಂದೇ ಇರಬೇಕು ಅಂತಲೂ ಇಲ್ಲ. ಕಾಕಸಸ್ ಪಕ್ಕದ ಪ್ಯಾತಿಗೋರ್ಸ್ಕ್ ಬಳಿ ಬೆಷ್ಟಾವು ಬೆಟ್ಟದಲ್ಲಿ ತಿರುಳು ಬಯಲಾಗಿದೆ, ಪಕ್ಕದ ಮಷುಕ್‌ನಲ್ಲಿ ಇನ್ನೂ ಪದರ ಶಿಲೆಯೇ ಮುಚ್ಚಿಕೊಂಡಿದೆ.

ಹೊಸಬ್ರು:
ಉಪಗ್ರಹ ಚಿತ್ರದಲ್ಲಿ ನೋಡಬೇಕು ಅಂದರೆ ಯಾವುದರಿಂದ ಶುರು ಮಾಡಲಿ?

ಕಲ್ಲುಕುಟಿಗ:
ಹೆನ್ರಿ ಬೆಟ್ಟಗಳಲ್ಲಿ ಒಂದಾದ ಮೌಂಟ್ ಹಿಲ್ಲರ್ಸ್. ದಕ್ಷಿಣ ಪಕ್ಕಕ್ಕೆ ಹತ್ತಿರ ಹೋಗಿ. ಮರಳುಗಲ್ಲಿನ ಪದರಗಳು ಹೆಚ್ಚು ಕಡಿಮೆ ನೆಟ್ಟಗೆ ನಿಂತಿವೆ. ಅದೇ ಪದರಗಳನ್ನು ಬೆಟ್ಟದಿಂದ ದೂರಕ್ಕೆ ಹಿಂಬಾಲಿಸಿ, ಸಮತಟ್ಟಾಗುತ್ತವೆ. ಅಲ್ಲಿ ಚಾವಣಿ ಸುಮಾರು ಎರಡೂವರೆ ಕಿಲೋಮೀಟರ್ ಎದ್ದಿದೆ.

ಲೆಕ್ಕಿಗ:
ನೋಡುವಾಗ ಚಿತ್ರ ಓರೆ ಮಾಡಿಕೊಳ್ಳಿ, ಎತ್ತರವನ್ನು ಮಾತ್ರ ಹಿಗ್ಗಿಸಬೇಡಿ. ಹಿಗ್ಗಿಸಿದರೆ ವಾಲು ಕಡಿದಾಗಿ ಕಾಣುತ್ತದೆ, ತ್ರಿಜ್ಯಕ್ಕೂ ಎತ್ತರಕ್ಕೂ ಇರುವ ಸಂಬಂಧ ಕಣ್ಣಿಗೆ ಸಿಗಲ್ಲ.